ಉತ್ತರ ಪತ್ರಿಕೆ ನೋಡುವ ಹಕ್ಕು ಮತ್ತು ಅದರ ಗಡುವು

ಫಲಿತಾಂಶ ಪ್ರಕಟವಾದ ನಂತರ ಶಿವಮೊಗ್ಗದ ನಮ್ಮ ಕಚೇರಿಗೆ ಬರುವ ವಿದ್ಯಾರ್ಥಿಗಳು ಮೊದಲು ಕೇಳುವುದೇ ಮರುಮೌಲ್ಯಮಾಪನದ ವಿಷಯ. ಅದಕ್ಕೂ ಮುಂಚೆ ತಮ್ಮ ಉತ್ತರ ಪತ್ರಿಕೆಯನ್ನು ತರಿಸಿಕೊಂಡು ನೋಡುವ ಹಕ್ಕು ತಮಗಿದೆ ಎಂಬುದು ಹಲವರಿಗೆ ತಿಳಿದಿರುವುದಿಲ್ಲ.

ಈ ಹಕ್ಕನ್ನು ಸುಪ್ರೀಂ ಕೋರ್ಟ್ 2011ರ ಆಗಸ್ಟ್ 9ರಂದು, ಸಿಬಿಎಸ್‌ಇ ಮತ್ತು ಆದಿತ್ಯ ಬಂದೋಪಾಧ್ಯಾಯ ಪ್ರಕರಣದಲ್ಲಿ ಎತ್ತಿಹಿಡಿಯಿತು. ಹಿಂದೆ ಕರ್ನಾಟಕ ಹೈಕೋರ್ಟಿನಲ್ಲಿ ನ್ಯಾಯಮೂರ್ತಿಯಾಗಿದ್ದ ಆರ್.ವಿ. ರವೀಂದ್ರನ್ ಅವರಿದ್ದ ಪೀಠವು, ಮೌಲ್ಯಮಾಪನಗೊಂಡ ಉತ್ತರ ಪತ್ರಿಕೆಯು 2005ರ ಮಾಹಿತಿ ಹಕ್ಕು ಅಧಿನಿಯಮದ ಅರ್ಥದಲ್ಲಿ 'ಮಾಹಿತಿ'ಯೇ ಆಗಿದ್ದು, ಪರೀಕ್ಷೆ ಬರೆದವರು ಅದನ್ನು ಪರಿಶೀಲಿಸಬಹುದು, ದೃಢೀಕೃತ ಪ್ರತಿಯನ್ನೂ ಪಡೆಯಬಹುದು ಎಂದು ಹೇಳಿತು. ಮೌಲ್ಯಮಾಪಕರ ಹೆಸರು ಮತ್ತು ಸಹಿಯನ್ನು ಮಾತ್ರ ಮರೆಮಾಡಿ ಕೊಡಬೇಕು. ಹೀಗಿದ್ದರೂ 'ಗೌಪ್ಯ ದಾಖಲೆಯಾದ್ದರಿಂದ ನೀಡಲು ಅವಕಾಶವಿರುವುದಿಲ್ಲ' ಎಂಬ ಒಂದೇ ಸಾಲಿನ ಹಿಂಬರಹಗಳು ಇಂದಿಗೂ ನನ್ನ ಮೇಜಿನ ಮೇಲೆ ಬಂದು ಬೀಳುತ್ತಿರುತ್ತವೆ.

ಅರ್ಜಿಯ ಕ್ರಮ ಸರಳವಾಗಿದೆ. ರಾಜ್ಯದ ವಿಶ್ವವಿದ್ಯಾಲಯವಾದರೆ ಅಲ್ಲಿನ ಸಾರ್ವಜನಿಕ ಮಾಹಿತಿ ಅಧಿಕಾರಿಗೆ 10 ರೂಪಾಯಿಯ ಪೋಸ್ಟಲ್ ಆರ್ಡರ್ ಲಗತ್ತಿಸಿ ಬರೆದರೆ ಸಾಕು, ಕಾರಣ ಹೇಳಬೇಕಾಗಿಲ್ಲ. ಕರ್ನಾಟಕದ ನಿಯಮಗಳಂತೆ ಅರ್ಜಿಯು ಒಂದೇ ವಿಷಯಕ್ಕೆ ಸಂಬಂಧಿಸಿರಬೇಕು ಮತ್ತು ಸಾಮಾನ್ಯವಾಗಿ 150 ಪದಗಳನ್ನು ಮೀರಬಾರದು. ಆದ್ದರಿಂದ ಕಾಲೇಜಿನ ಮೇಲಿನ ಹಳೆಯ ದೂರುಗಳನ್ನೆಲ್ಲ ಅದರಲ್ಲೇ ತುಂಬುವುದು ಬೇಡ. ನೋಂದಣಿ ಸಂಖ್ಯೆ, ಪರೀಕ್ಷೆ ನಡೆದ ತಿಂಗಳು ಮತ್ತು ವಿಷಯದ ಸಂಕೇತ ಇದ್ದರೆ ಸಾಕು. 30 ದಿನಗಳಲ್ಲಿ ಉತ್ತರ ಬಾರದಿದ್ದರೆ ಪ್ರಥಮ ಮೇಲ್ಮನವಿ, ಅದೂ ಫಲಿಸದಿದ್ದರೆ ಕರ್ನಾಟಕ ಮಾಹಿತಿ ಆಯೋಗ.

ತೊಡಕಿರುವುದು ಕಾಲದ ವಿಷಯದಲ್ಲಿ. ಸಂಸ್ಥೆಯು ಉತ್ತರ ಪತ್ರಿಕೆಯನ್ನು ಇರಿಸಿಕೊಳ್ಳುವ ಅವಧಿಯವರೆಗೆ ಮಾತ್ರ ಈ ಹಕ್ಕು ನಡೆಯುತ್ತದೆ ಎಂದು ಅದೇ ತೀರ್ಪು ಹೇಳಿದೆ. ಆ ಪ್ರಕರಣದಲ್ಲಿ ಸಿಬಿಎಸ್‌ಇಯ ಅವಧಿ ಮೂರೇ ತಿಂಗಳಾಗಿತ್ತು. ಅರ್ಜಿಗೆ ಒಂದು ತಿಂಗಳು, ಮೇಲ್ಮನವಿಗೆ ಮತ್ತೊಂದು ತಿಂಗಳು ಕಳೆದರೆ ಉಳಿಯುವುದೆಷ್ಟು? ಅದರಲ್ಲೂ ಜೂನ್, ಜುಲೈ ತಿಂಗಳ ಮಳೆಯಲ್ಲಿ, ಹೊಸನಗರದ ಕಡೆಯ ಹಳ್ಳಿಯಿಂದ ಅಂಚೆ ಕಚೇರಿಯವರೆಗೆ ಹೋಗಿಬರುವುದೇ ಒಂದು ದಿನದ ಕೆಲಸ. ಹಾಗಾಗಿ ಫಲಿತಾಂಶ ಬಂದ ವಾರದೊಳಗೆ ಅರ್ಜಿ ಕಳುಹಿಸಿ, 'ಈ ಅರ್ಜಿ ಹಾಗೂ ಮೇಲ್ಮನವಿ ಅಂತಿಮವಾಗಿ ಇತ್ಯರ್ಥವಾಗುವವರೆಗೆ ಸದರಿ ಉತ್ತರ ಪತ್ರಿಕೆಯನ್ನು ನಾಶಪಡಿಸಬಾರದು' ಎಂಬ ಸಾಲನ್ನು ಸೇರಿಸಿ, ಸ್ವೀಕೃತಿ ಪತ್ರವನ್ನು ಜೋಪಾನವಾಗಿ ಇಟ್ಟುಕೊಳ್ಳಿ ಎಂಬುದು ನನ್ನ ಸಲಹೆ.

ಸ್ಪರ್ಧಾತ್ಮಕ ಪರೀಕ್ಷೆಗಳ ಮಾತು ಸ್ವಲ್ಪ ಬೇರೆ. ಕೇಂದ್ರ ಲೋಕಸೇವಾ ಆಯೋಗದ ನಾಗರಿಕ ಸೇವಾ ಪರೀಕ್ಷೆಯ ಅಂಕಗಳ ವಿವರವನ್ನು ಯಾಂತ್ರಿಕವಾಗಿ ಬಹಿರಂಗಪಡಿಸುವಂತಿಲ್ಲ ಎಂದು 2018ರಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ. ಈ ನಿಲುವು ನನಗೆ ಅಷ್ಟಾಗಿ ಒಪ್ಪಿಗೆಯಿಲ್ಲದಿದ್ದರೂ ಸದ್ಯಕ್ಕೆ ಕಾನೂನು ಅದೇ.

ಪ್ರತಿ ಕೈಗೆ ಬಂದಾಗ ಮೊದಲು ಮುಖಪುಟದ ಅಂಕಗಳ ಕೋಷ್ಟಕವನ್ನು ಒಳಪುಟಗಳ ಅಂಚಿನ ಅಂಕಗಳೊಂದಿಗೆ ತಾಳೆ ನೋಡಬೇಕು. ಒಬ್ಬ ಪದವಿ ವಿದ್ಯಾರ್ಥಿನಿಯ ಪತ್ರಿಕೆಯಲ್ಲಿ ಕೊನೆಗೆ ಪೋಣಿಸಿದ್ದ ಹೆಚ್ಚುವರಿ ಹಾಳೆಯ ಎರಡು ಉತ್ತರಗಳ ಮೇಲೆ ಕೆಂಪು ಶಾಯಿಯ ಗುರುತೇ ಇರಲಿಲ್ಲ. ಇಂಥದ್ದನ್ನು ಪುಟಸಂಖ್ಯೆ ಸಹಿತ ಕುಲಸಚಿವರಿಗೆ (ಮೌಲ್ಯಮಾಪನ) ಬರೆದು ಸರಿಪಡಿಸಿಕೊಳ್ಳಬಹುದು. ಆಕೆಯ ವಿಷಯದಲ್ಲಿಯೂ ಹಾಗೆಯೇ ಆಯಿತು. ಆದರೆ 'ಈ ಉತ್ತರಕ್ಕೆ ಐದರ ಬದಲು ಎಂಟು ಅಂಕ ಬರಬೇಕಿತ್ತು' ಎಂಬ ತಕರಾರಿಗೆ ಮಾಹಿತಿ ಹಕ್ಕು ಪರಿಹಾರ ಕೊಡುವುದಿಲ್ಲ. ಅದಕ್ಕೆ ಸಂಸ್ಥೆಯ ನಿಯಮದಲ್ಲಿ ಮರುಮೌಲ್ಯಮಾಪನದ ಅವಕಾಶ ಇರಬೇಕು. ಇಲ್ಲದಿದ್ದರೆ ಉಳಿಯುವುದು ಬೆಂಗಳೂರಿನ ಹೈಕೋರ್ಟಿನಲ್ಲಿ ರಿಟ್ ಅರ್ಜಿಯೊಂದೇ. ಮೌಲ್ಯಮಾಪಕರ ವಿವೇಚನೆಯಲ್ಲಿ ಕೈಹಾಕಲು ನ್ಯಾಯಾಲಯಗಳು ಹಿಂಜರಿಯುವುದರಿಂದ, ಮೂರು ಅಂಕಗಳಿಗಾಗಿ ಅಲ್ಲಿಗೆ ಹೋಗಿ ಎಂದು ನಾನು ಯಾರಿಗೂ ಹೇಳುವುದಿಲ್ಲ.