ಮೊದಲು ಮಾಸ್ಕ್‌ನ ರೂಢಿ, ಆಮೇಲೆ ಔಷಧ

ತೊಗರಿ ರಾಶಿ ನಡೆಯುವ ಡಿಸೆಂಬರ್-ಜನವರಿಯಲ್ಲಿ ಕಲಬುರಗಿ ಸುತ್ತಮುತ್ತ ಹೊಟ್ಟು, ದೂಳು ಜಾಸ್ತಿ. ದಮ್ಮು ಇರುವ ಬೆಕ್ಕಿಗೆ ಅದು ಆಗಿಬರುವುದಿಲ್ಲ. ನೆಲಕ್ಕೆ ಕುಕ್ಕರಿಸಿ, ಕತ್ತು ಮುಂದೆ ಚಾಚಿ ಕೆಮ್ಮುತ್ತಿದ್ದರೆ ಮನೆಯವರು ಕೂದಲುಂಡೆ ಕಾರಲು ನೋಡುತ್ತಿದೆ ಅಂದುಕೊಂಡು ಸುಮ್ಮನಿರುತ್ತಾರೆ. ಆಸ್ತಮಾ ಎಂದು ಖಾತ್ರಿಯಾಗಿ ಇನ್ಹೇಲರ್, ಸ್ಪೇಸರ್ (ಒಂದು ತುದಿಗೆ ಇನ್ಹೇಲರ್, ಇನ್ನೊಂದು ತುದಿಗೆ ಮೂತಿಗೆ ಹಿಡಿಯುವ ಮಾಸ್ಕ್ ಇರುವ ಕೊಳವೆ) ಬರೆದುಕೊಟ್ಟ ಮೇಲೆ ಫೋನು ಬರುತ್ತದೆ: ‘ಮಾಸ್ಕ್ ಕಂಡ್ರ ಸಾಕ್ರಿ, ಪಲಂಗದ ಕೆಳಗ ಹೊಕ್ಕೊಂಡು ಕುಂಡರ್ತದ. ಇಬ್ರು ಹಿಡಿದ್ರೂ ಆಗವಲ್ದು.’

ಹಿಡಿಯಬೇಡಿ ಎನ್ನುವುದೇ ನನ್ನ ಉತ್ತರ. ಒದ್ದಾಡಿದಷ್ಟೂ ಉಸಿರಿನ ಅಗತ್ಯ ಏರುತ್ತದೆ, ದಮ್ಮು ಹೆಚ್ಚುತ್ತದೆ.

ಮೊದಲ ಕೆಲವು ದಿನ ಔಷಧದ ಡಬ್ಬಿಯನ್ನು ಬದಿಗಿಡಿ. ಬರೀ ಮಾಸ್ಕನ್ನು ಊಟದ ತಟ್ಟೆಯ ಪಕ್ಕ ಇಟ್ಟುಬಿಡಿ. ಮೂಸಿ ನೋಡಲಿ. ಆಮೇಲೆ ಮಾಸ್ಕಿನ ಒಳಂಚಿಗೆ ಉಪ್ಪು, ಈರುಳ್ಳಿ, ಬೆಳ್ಳುಳ್ಳಿ ಹಾಕದೆ ಬೇಯಿಸಿದ ಕೋಳಿಯ ಚೂರು ಸವರಿ. ಮೂಗು ತಾನಾಗಿ ಒಳಗೆ ಬರಬೇಕು. ಮಾಸ್ಕ್ ಮೂಗಿನ ಬೆನ್ನು ಹತ್ತಬಾರದು. ಒಂದು ಕ್ಷಣ ನಿಂತರೂ ತಿನಿಸು ಕೊಡಿ, ತಲೆ ಹಿಂದಕ್ಕೆಳೆದರೆ ಬಿಟ್ಟುಬಿಡಿ. ಹತ್ತು ಉಸಿರಿನಷ್ಟು ಹೊತ್ತು ಸಮಾಧಾನವಾಗಿ ಕುಳಿತಾಗ ಡಬ್ಬಿ ಜೋಡಿಸಿ. ‘ಫುಸ್’ ಎಂಬ ಸದ್ದಿಗೆ ಬೆಕ್ಕು ಬೆದರುವುದರಿಂದ ಮೊದಲು ದೂರದಲ್ಲಿ ಒತ್ತಿ ಕೇಳಿಸಿ. ಔಷಧ ಕೊಡುವಾಗ ಸ್ಪೇಸರಿನ ಕವಾಟ ಉಸಿರಿಗೆ ತಕ್ಕಂತೆ ಅಲುಗುತ್ತದೆ. ಅದನ್ನು ನೋಡುತ್ತ ಏಳರಿಂದ ಹತ್ತು ಉಸಿರು ಎಣಿಸಿದರೆ ಸಾಕು.

ಇಷ್ಟು ನಿಧಾನ ಮಾಡಿದರೆ ರೋಗ ಕೈಮೀರುವುದಿಲ್ಲವೇ? ಇನ್ಹೇಲರಿನಲ್ಲಿ ಕೊಡುವ ಸ್ಟೀರಾಯ್ಡ್ ಔಷಧ ಫ್ಲೂಟಿಕಾಸೋನ್ ಪೂರ್ತಿ ಕೆಲಸ ಮಾಡಲು ಹೇಗೂ ಒಂದೆರಡು ವಾರ ಬೇಕು. ಅಲ್ಲಿಯವರೆಗೆ ಸಾಮಾನ್ಯವಾಗಿ ಮಾತ್ರೆ ಕೊಟ್ಟಿರುತ್ತೇವೆ. ಕಲಿಸಲು ಆ ಅವಧಿ ಸಿಗುತ್ತದೆ. ನೀವಾಗಿಯೇ ಮಾತ್ರೆ ನಿಲ್ಲಿಸಬೇಡಿ, ಅಷ್ಟೇ.

ನೆಬ್ಯುಲೈಜರ್ (ಔಷಧವನ್ನು ಮಂಜಿನಂತೆ ಮಾಡಿ ಉಸಿರಿಗೆ ಕೊಡುವ ಯಂತ್ರ) ಬೇಕಾದ ನಾಯಿಗಳಿಗೆ ತೊಂದರೆ ಯಂತ್ರದ ಸದ್ದಿನದು. ನಾಯಿ ಉಣ್ಣುವಾಗ ಪಕ್ಕದ ಕೋಣೆಯಲ್ಲಿ ಓಡಿಸಿ, ದಿನದಿನಕ್ಕೂ ಹತ್ತಿರ ತನ್ನಿ. ಸಣ್ಣ ಜಾಲರಿಯಿಂದ ಮಂಜು ಮಾಡುವ ಮೆಶ್ ಯಂತ್ರ ಸದ್ದು ಮಾಡುವುದು ಕಡಿಮೆ, ಬೆಲೆ ಮಾತ್ರ ಹೆಚ್ಚು. ನಾಯಿಯನ್ನು ಪಂಜರದಲ್ಲಿಟ್ಟು, ಮಂಜು ನಿಲ್ಲಲಿ ಎಂದು ಮೇಲೆ ಚಾದರ ಮುಚ್ಚುವವರಿದ್ದಾರೆ. ನಮ್ಮ ಬೇಸಿಗೆಯಲ್ಲಿ, ಅದರಲ್ಲೂ ಮೊಂಡು ಮೂಗಿನ ಪಗ್‌ಗೆ, ಇದು ಅಪಾಯ. ಬೆಳಗಿನ ತಂಪಿನಲ್ಲೇ ಮುಗಿಸಿ. ಡಾಕ್ಟರು ಹೇಳಿದ ಔಷಧ ಅಥವಾ ಸಲೈನ್ ಬಿಟ್ಟು ನೀಲಗಿರಿ ಎಣ್ಣೆ, ಕರ್ಪೂರ ಏನನ್ನೂ ಹಾಕಬೇಡಿ. ಬಿಸಿನೀರಿನ ಹಬೆ ಇದಕ್ಕೆ ಬದಲಿಯಲ್ಲ.

ಬೆಕ್ಕು ಬಾಯಿ ತೆರೆದು ಉಸಿರಾಡಿದರೆ, ವಸಡು ನೀಲಿಗಟ್ಟಿದರೆ ಮಾಸ್ಕಿನ ಪಾಠ ಬಿಟ್ಟು ಕೂಡಲೇ ಆಸ್ಪತ್ರೆಗೆ ಹೊರಡಿ.

ಮನೆಯಲ್ಲಿ ನಾಯಿಯೂ ಇದ್ದರೆ ಇನ್ಹೇಲರನ್ನು ಕಪಾಟಿನಲ್ಲಿಡಿ. ಉಸಿರುನಾಳ ಹಿಗ್ಗಿಸುವ ಸಾಲ್ಬುಟಮಾಲ್ ಔಷಧದ ಡಬ್ಬಿಯನ್ನು ಕಚ್ಚಿ ತೂತು ಮಾಡಿದ ನಾಯಿಗೆ ಒಮ್ಮೆಲೇ ಬಹಳ ಔಷಧ ಸೇರಿ ಎದೆಬಡಿತ ವಿಪರೀತ ಏರುತ್ತದೆ. ಹಾಗಾದರೆ ಡಬ್ಬಿಯನ್ನೂ ಜೊತೆಗೆ ತನ್ನಿ.