‘ಪರಿಗಣಿಸಿ’ ಬೇರೆ, ‘ಪಾವತಿಸಿ’ ಬೇರೆ: ಬಿಲ್ ಬಾಕಿಗೆ ಕೋರ್ಟಿಗೆ ಹೋಗುವ ಮುನ್ನ

ಗಂಗಾವತಿ, ಸಿಂಧನೂರು, ಸಿರುಗುಪ್ಪದ ಕಡೆ ಕಾಮಗಾರಿ ಮುಗಿಸಿ ಬಿಲ್ಲಿಗಾಗಿ ಅಲೆದು ಸುಸ್ತಾದ ಗುತ್ತಿಗೆದಾರರು ಕೊನೆಗೆ ಬರುವುದು ಒಂದೇ ಮಾತಿಗೆ: ‘ರಿಟ್ ಹಾಕಿಬಿಡೋಣ’, ಅಂದರೆ ನೇರ ಹೈಕೋರ್ಟಿಗೇ ಅರ್ಜಿ. ಹಾಕಬಹುದು. ಬಳ್ಳಾರಿ, ಕೊಪ್ಪಳದವರು ಹೈಕೋರ್ಟಿನ ಧಾರವಾಡ ಪೀಠಕ್ಕೆ, ರಾಯಚೂರಿನವರು ಕಲಬುರಗಿ ಪೀಠಕ್ಕೆ ಹೋಗಬೇಕು. ಆದರೆ ರಿಟ್ಟಿನಲ್ಲಿ ಹಣ ಸಿಗುವುದು, ಬಿಡುವುದು ವಕೀಲರ ವಾದಕ್ಕಿಂತ ಹೆಚ್ಚಾಗಿ ಅಳತೆ ಪುಸ್ತಕದ, ಅಂದರೆ ಎಂ.ಬಿ.ಯ ಪುಟದ ಮೇಲೆ ನಿಂತಿರುತ್ತದೆ.

ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟ್ ಸರ್ಕಾರಕ್ಕೆ ‘ನಿನ್ನ ಕರ್ತವ್ಯ ಮಾಡು’ ಎನ್ನಬಲ್ಲದು. ಟೇಪು ಹಿಡಿದು ರಸ್ತೆ ಅಳೆಯಲಾರದು. ಇಲಾಖೆಯೇ ಒಪ್ಪಿಕೊಂಡ ಮೊತ್ತಕ್ಕೆ ರಿಟ್ ನಡೆಯುತ್ತದೆ ಎಂಬುದಕ್ಕೆ ಸುಪ್ರೀಂ ಕೋರ್ಟಿನ ಸೂರ್ಯ ಕನ್‌ಸ್ಟ್ರಕ್ಷನ್ಸ್ ತೀರ್ಪು ಆಧಾರ. ತಕರಾರು ಇದ್ದರೆ ‘ಸಿವಿಲ್ ಕೋರ್ಟಿಗೆ ಹೋಗಿ’ ಎಂಬ ಉತ್ತರವೇ ಹೆಚ್ಚು.

ತಕರಾರು ಹುಟ್ಟುವುದು ಹೇಗೆ? ಹಳ್ಳಿಯೊಂದರ ಸಿ.ಸಿ., ಅಂದರೆ ಕಾಂಕ್ರೀಟ್, ರಸ್ತೆ ತೆಗೆದುಕೊಳ್ಳಿ. ಉದ್ದ 180 ಮೀಟರ್, ಅಗಲ 3.5, ದಪ್ಪ 0.15, ಒಟ್ಟು 94.5 ಘನ ಮೀಟರ್. ಪರೀಕ್ಷೆಗೆಂದು ರಸ್ತೆ ಕೊರೆದು ತುಂಡು (ಕೋರ್) ತೆಗೆದಾಗ ದಪ್ಪ 0.13 ಸಿಕ್ಕರೆ ಅದು 81.9ಕ್ಕೆ ಇಳಿಯುತ್ತದೆ. ಈ 12.6 ಘನ ಮೀಟರಿನ ಜಗಳ ಇಡೀ ಬಿಲ್ಲನ್ನೇ ಹಿಡಿದು ನಿಲ್ಲಿಸುತ್ತದೆ. ಆದ್ದರಿಂದ ಎಂ.ಬಿ. ಪುಟದಲ್ಲಿ ಅಳತೆಯ ದಿನಾಂಕ, ಸಹಾಯಕ ಎಂಜಿನಿಯರ್ (ಎ.ಇ.) ಸಹಿ, ಸಹಾಯಕ ಕಾರ್ಯಪಾಲಕ ಎಂಜಿನಿಯರ್ (ಎ.ಇ.ಇ.) ಮರುಪರಿಶೀಲನೆಯ ಸಹಿ, ಗುತ್ತಿಗೆದಾರನ ಒಪ್ಪಿಗೆ ಸಹಿ ಎಲ್ಲವೂ ಇವೆಯೇ ಎಂದು ಮೊದಲು ನೋಡಿ. ಗುಣಮಟ್ಟ ಪರೀಕ್ಷಾ ವರದಿ ಇಲ್ಲದಿದ್ದರೆ, ಹೆಚ್ಚುವರಿ ಐಟಂಗೆ ಲಿಖಿತ ಮಂಜೂರಾತಿ ಇಲ್ಲದಿದ್ದರೆ, ತಡವಾದ ಕೆಲಸಕ್ಕೆ ಅವಧಿ ವಿಸ್ತರಣೆ ಸಿಕ್ಕಿಲ್ಲದಿದ್ದರೆ ಸರ್ಕಾರಿ ವಕೀಲರು ಎತ್ತುವ ಮೊದಲ ಆಕ್ಷೇಪ ಅಲ್ಲೇ ಇರುತ್ತದೆ. ಕಾಲುವೆ ಒಡೆದಾಗ ಅಧಿಕಾರಿಯ ಬಾಯಿಮಾತಿನ ಮೇಲೆ ಓಡಿಹೋಗಿ ಮಾಡಿದ ದುರಸ್ತಿಗೆ, ಪುಕ್ಕಟೆಯಲ್ಲದ ಕೆಲಸದ ಲಾಭ ಪಡೆದವರು ಪರಿಹಾರ ಕೊಡಬೇಕೆನ್ನುವ ಕರಾರು ಕಾಯ್ದೆಯ 70ನೇ ಕಲಂ ಆಸರೆ ಉಂಟು, ಆದರೆ ಅದು ಸಾಕ್ಷ್ಯ ಬೇಡುವ ದಾವೆ. ಸಾಮಾನ್ಯವಾಗಿ ರಿಟ್ಟಿನ ಸರಕಲ್ಲ.

ಇನ್ನು ಆದೇಶದ ಭಾಷೆ. ಇಲ್ಲೇ ಬಹಳ ಮಂದಿ ಮೋಸ ಹೋಗುವುದು. ‘ಅರ್ಜಿದಾರರ ಮನವಿಯನ್ನು ಇಷ್ಟು ವಾರಗಳಲ್ಲಿ ಪರಿಗಣಿಸಿ’ ಎಂಬ ಆದೇಶ ಕೈಗೆ ಬಂದರೆ ಗೆದ್ದೆವೆಂದು ಸಿಹಿ ಹಂಚುತ್ತಾರೆ. ತಿಂಗಳು ಕಳೆದ ಮೇಲೆ ಕಚೇರಿಯಿಂದ ಹಿಂಬರಹ, ಅಂದರೆ ಮನವಿಗೆ ಲಿಖಿತ ಉತ್ತರ, ಬರುತ್ತದೆ: ‘ಅನುದಾನ ಬಿಡುಗಡೆಯಾದ ನಂತರ ಜ್ಯೇಷ್ಠತೆಯಂತೆ ಪಾವತಿಸಲಾಗುವುದು’. ಅಲ್ಲಿಗೆ ಆದೇಶ ಪಾಲನೆಯಾಯಿತು, ನ್ಯಾಯಾಂಗ ನಿಂದನೆ ಅರ್ಜಿಗೆ ಜಾಗವೇ ಉಳಿಯಲಿಲ್ಲ. ಆ ಹಿಂಬರಹವನ್ನು ಪ್ರಶ್ನಿಸಿ ಮತ್ತೊಂದು ರಿಟ್ ಹಾಕಬೇಕು. ಹಾಗಾಗಿ ಬೇಡಿಕೆಯಲ್ಲೇ ಬಿಲ್ ಸಂಖ್ಯೆ, ಮೊತ್ತ, ಬಡ್ಡಿ ನಮೂದಿಸಿ ‘ಪಾವತಿಸಲು ನಿರ್ದೇಶಿಸಿ’ ಎಂದೇ ಕೇಳಬೇಕು. ಪಾವತಿ ಆದೇಶದ ಗಡುವು ಮೀರಿದರೆ ನಿಂದನೆ ಅರ್ಜಿಗೆ ಇರುವುದು 1 ವರ್ಷ ಮಾತ್ರ.

ಬಾಕಿ ಹಣಕ್ಕೆ ದಾವೆ ಹೂಡುವ ಕಾಲಮಿತಿ ಇದಕ್ಕಿಂತ ಕ್ರೂರ. ಒಪ್ಪಂದದಲ್ಲಿ ಪಾವತಿಯ ದಿನ ನಿಗದಿಯಾಗದಿದ್ದರೆ ಕೆಲಸ ಮುಗಿದ ದಿನದಿಂದ 3 ವರ್ಷ. ‘ಮುಂದಿನ ಬಜೆಟ್ಟಿಗೆ ಕೊಡ್ತೀವಿ’ ಎಂಬ ಬಾಯಿಮಾತು ಒಂದು ದಿನವನ್ನೂ ಸೇರಿಸುವುದಿಲ್ಲ. 3 ವರ್ಷದೊಳಗೆ ಸಹಿ ಮಾಡಿದ ಋಣ ಒಪ್ಪಿಗೆ ಸಿಕ್ಕರೆ ಮಾತ್ರ, 1963ರ ಕಾಲಮಿತಿ ಕಾಯ್ದೆಯ 18ನೇ ಕಲಮಿನಂತೆ, ಅಂದಿನಿಂದ ಹೊಸ ಎಣಿಕೆ ಶುರುವಾಗುತ್ತದೆ. ಬಹಳ ಜನರಿಗೆ ಗೊತ್ತಿಲ್ಲದ ಸಂಗತಿ ಎಂದರೆ, ಆ ಒಪ್ಪಿಗೆ ಗುತ್ತಿಗೆದಾರನಿಗೇ ಬರೆದದ್ದಾಗಿರಬೇಕಿಲ್ಲ. ಕಾರ್ಯಪಾಲಕ ಎಂಜಿನಿಯರ್ ಅನುದಾನ ಕೋರಿ ಮೇಲಧಿಕಾರಿಗೆ ಕಳಿಸಿದ ಬಾಕಿ ಬಿಲ್ಲುಗಳ ಪಟ್ಟಿಯಲ್ಲಿ ನಿಮ್ಮ ಹೆಸರು, ಮೊತ್ತ ಇದ್ದು, ಕೆಳಗೆ ಅವರ ಸಹಿ ಇದ್ದರೆ ಅದನ್ನೇ ಆಧಾರವಾಗಿ ಮುಂದಿಡಬಹುದು. ಮಾಹಿತಿ ಹಕ್ಕಿನಡಿ 10 ರೂಪಾಯಿ ಕಟ್ಟಿ ಆ ಪತ್ರ, ಎಂ.ಬಿ., ಬಿಲ್ ವಹಿಯ ದೃಢೀಕೃತ ಪ್ರತಿ ಕೇಳಿ. 30 ದಿನದಲ್ಲಿ ಉತ್ತರ ಬರಬೇಕು. ಅವಧಿ ಮುಗಿದ ಮೇಲೆ ಮನವಿ ಕೊಟ್ಟು ಹಿಂಬರಹ ಪಡೆದರೆ ಪ್ರಯೋಜನವಿಲ್ಲ. ಸತ್ತ ಬಾಕಿಗೆ ಅದು ಜೀವ ಕೊಡದು ಎಂದು 2008ರ ಸಿ. ಜೇಕಬ್ ಪ್ರಕರಣದಲ್ಲೇ ಸುಪ್ರೀಂ ಕೋರ್ಟ್ ಹೇಳಿಯಾಗಿದೆ.

ದಾವೆಯ ದಾರಿ ಹಿಡಿದರೆ ಸರ್ಕಾರಕ್ಕೆ ಸಿವಿಲ್ ಪ್ರಕ್ರಿಯಾ ಸಂಹಿತೆಯ (ಸಿ.ಪಿ.ಸಿ.) 80ನೇ ಕಲಮಿನ 2 ತಿಂಗಳ ನೋಟಿಸ್ ಬೇಕು, ಮೊತ್ತದ ಮೇಲೆ ಕೋರ್ಟ್ ಫೀ ಕಟ್ಟಬೇಕು. 3 ಲಕ್ಷ ಅಥವಾ ಹೆಚ್ಚಿದ್ದರೆ ವಾಣಿಜ್ಯ ನ್ಯಾಯಾಲಯ. ತುರ್ತು ಮಧ್ಯಂತರ ಪರಿಹಾರ ಬೇಡದಿದ್ದಲ್ಲಿ ಮೊದಲು ಮಧ್ಯಸ್ಥಿಕೆ, ಅಂದರೆ ಮೀಡಿಯೇಷನ್, ಕಡ್ಡಾಯ. ನೀರಾವರಿ ನಿಗಮದ ಕೆಲಸವಾಗಿದ್ದರೆ ನಿಗಮವನ್ನೇ ಪ್ರತಿವಾದಿ ಮಾಡಿ, ಅದು ಪ್ರತ್ಯೇಕ ಕಂಪನಿ. ಒಪ್ಪಂದದಲ್ಲಿ ಪಂಚಾಯ್ತಿ ಷರತ್ತು, ಅಂದರೆ ಆರ್ಬಿಟ್ರೇಷನ್, ಇದೆಯೇ ಎಂದೂ ಓದಿಕೊಳ್ಳಿ.

ನಡುವೆ ಭಾಗಶಃ ಹಣ ಬಂದರೆ ಬೇಡ ಎನ್ನಬೇಡಿ. ಆದರೆ ‘ಪೂರ್ಣ ಮತ್ತು ಅಂತಿಮ’ ಎಂದು ಅಚ್ಚಾದ ರಸೀದಿಗೆ ಸುಮ್ಮನೆ ಸಹಿ ಹಾಕಲೂ ಬೇಡಿ. ‘ಉಳಿದ ಬಾಕಿಯ ಹಕ್ಕು ಕಾಯ್ದಿರಿಸಿ, ಆಕ್ಷೇಪಣೆಯೊಂದಿಗೆ ಸ್ವೀಕರಿಸಿದ್ದೇನೆ’ ಎಂದು ಸಹಿಯ ಮೇಲೆ ಬರೆದು, ದಿನಾಂಕ ಹಾಕಿ, ಅದೇ ದಿನ ಒಂದು ಪತ್ರವನ್ನು ಟಪಾಲಿನಲ್ಲಿ ಕೊಟ್ಟು ಸ್ವೀಕೃತಿ ಮೊಹರು ಹಾಕಿಸಿಕೊಳ್ಳಿ.