ಕಲ್ಪಿತ ಸಂವಾದ: ಉತ್ತರವನ್ನೂ ನಾವೇ ಕಟ್ಟುವ ಮಾತುಕತೆ

ಎದುರಿಗಿಲ್ಲದ, ಕೆಲವೊಮ್ಮೆ ಎದುರಿಗೆ ಬರಲು ಸಾಧ್ಯವೇ ಇಲ್ಲದ ವ್ಯಕ್ತಿಯೊಬ್ಬರನ್ನು ಮನಸ್ಸಿನಲ್ಲೋ ಬರಹದಲ್ಲೋ ಕೂರಿಸಿಕೊಂಡು, ತನ್ನ ಮಾತಿನ ಜೊತೆಗೆ ಅವರ ಮಾತನ್ನೂ ತಾನೇ ಕಟ್ಟುವುದಕ್ಕೆ ಕಲ್ಪಿತ ಸಂವಾದ ಎನ್ನುತ್ತೇವೆ. ಈ ವಿವರಣೆಯಲ್ಲಿ ತೂಕವಿರುವುದು ಕೊನೆಯ ಭಾಗಕ್ಕೆ. ಸ್ವಗತದಲ್ಲಿ ಪಾತ್ರವು ತನಗೆ ತಾನೇ ಹೇಳಿಕೊಳ್ಳುತ್ತದೆ. ಕಾಳಿದಾಸನ ಯಕ್ಷ ಮೇಘವನ್ನು ಕರೆದು ಮಾತನಾಡಿದರೂ ಮೇಘ ಮರುನುಡಿಯುವುದಿಲ್ಲ. ಅಕ್ಕಮಹಾದೇವಿ ಗಿಳಿ, ಕೋಗಿಲೆ, ತುಂಬಿಗಳನ್ನು ಚೆನ್ನಮಲ್ಲಿಕಾರ್ಜುನನನ್ನು ಕಂಡಿರಾ ಎಂದು ಕೇಳಿದರೂ ಅವು ಉತ್ತರ ಕೊಡುವುದಿಲ್ಲ. ಇವು ಸಂಬೋಧನೆಗಳು. ಸಂವಾದವೆನಿಸಿಕೊಳ್ಳಬೇಕಾದರೆ ಆ ಕಡೆಯಿಂದಲೂ ಒಂದು ದನಿ ಬರಬೇಕು.

ಆ ದನಿಯನ್ನು ತರಿಸುವ ಒಂದು ಸೊಗಸಾದ ಉಪಾಯ ಸಂಸ್ಕೃತ ನಾಟಕದಲ್ಲಿದೆ. ಅದರ ಹೆಸರು ಆಕಾಶಭಾಷಿತ. ರಂಗದ ಮೇಲೆ ಒಬ್ಬನೇ ನಟನಿರುತ್ತಾನೆ. ಆತ ಶೂನ್ಯದ ಕಡೆ ಕಿವಿಗೊಟ್ಟು, ‘ಏನೆಂದೆ?’ ಎಂದು ಕೇಳಿ, ಕಾಣದ ವ್ಯಕ್ತಿಯ ಮಾತನ್ನು ತಾನೇ ಮತ್ತೆ ನುಡಿದು, ಅದಕ್ಕೆ ತನ್ನ ಉತ್ತರವನ್ನು ಸೇರಿಸುತ್ತಾನೆ. ಭಾಣ ಎಂಬ ಏಕಪಾತ್ರದ ನಾಟಕಪ್ರಕಾರವು ಇಡಿಯಾಗಿ ನಿಂತಿರುವುದು ಈ ತಂತ್ರದ ಮೇಲೆಯೇ. ವಿಟನೊಬ್ಬ ಬೀದಿಯುದ್ದಕ್ಕೂ ನಡೆಯುತ್ತಾ ಹತ್ತಾರು ಜನರೊಡನೆ ಹರಟುತ್ತಾನೆ, ಆದರೆ ಪ್ರೇಕ್ಷಕರಿಗೆ ಕಾಣುವುದು ಅವನೊಬ್ಬನೇ. (ಪಕ್ಕದಲ್ಲಿ ಕುಳಿತವರ ಮೊಬೈಲ್ ಮಾತುಕತೆಯನ್ನು ಒಂದೇ ಬದಿಯಿಂದ ಕೇಳುತ್ತಾ ಇನ್ನೊಂದು ಬದಿಯನ್ನು ಊಹಿಸುವ ನಾವು ಈ ಕಲೆಯ ರಸಿಕರಾಗಲು ಸಾಕಷ್ಟು ತರಬೇತಿ ಪಡೆದವರೇ ಆಗಿದ್ದೇವೆ.)

ಕನ್ನಡದಲ್ಲಿ ಇದಕ್ಕಿಂತ ಸೂಕ್ಷ್ಮವಾದ ಮಾದರಿಯೊಂದಿದೆ. ಹನ್ನೆರಡನೆಯ ಶತಮಾನದ ಶರಣರು ಬೇರೆ ಬೇರೆ ಸಂದರ್ಭಗಳಲ್ಲಿ ನುಡಿದ ವಚನಗಳನ್ನು ಹದಿನೈದನೆಯ ಶತಮಾನದಲ್ಲಿ ಶಿವಗಣಪ್ರಸಾದಿ ಮಹಾದೇವಯ್ಯನು ಒಂದರ ಪ್ರಶ್ನೆಗೆ ಇನ್ನೊಂದು ಉತ್ತರವಾಗುವಂತೆ ಜೋಡಿಸಿ ಶೂನ್ಯಸಂಪಾದನೆಯನ್ನು ಕಟ್ಟಿದನು. ಉಟ್ಟ ಬಟ್ಟೆಯನ್ನೇ ತೊರೆದವಳು ಕೂದಲಿನಿಂದ ಮೈ ಮುಚ್ಚಿಕೊಂಡಿದ್ದೇಕೆ ಎಂದು ಅಲ್ಲಮ ಕೆಣಕುತ್ತಾನೆ. ಹಣ್ಣು ಒಳಗೆ ಮಾಗದ ಹೊರತು ಹೊರಗಿನ ಸಿಪ್ಪೆ ತನ್ನ ಕಳೆಯನ್ನು ಕಳೆದುಕೊಳ್ಳುವುದಿಲ್ಲ ಎಂದು ಅಕ್ಕ ಉತ್ತರಿಸುತ್ತಾಳೆ. ಇಲ್ಲಿ ಮಾತುಗಳು ಶರಣರವು, ಅವುಗಳನ್ನು ಎದುರುಬದುರು ನಿಲ್ಲಿಸಿದ ಬಗೆ ಸಂಪಾದಕನದು. ಹೀಗಾಗಿ ಕಲ್ಪನೆ ಎಂದರೆ ಇಲ್ಲದ ಮಾತನ್ನು ಹುಟ್ಟಿಸುವುದು ಮಾತ್ರವಲ್ಲ, ಇರುವ ಮಾತುಗಳ ನಡುವೆ ಭೇಟಿಯನ್ನು ಏರ್ಪಡಿಸುವುದೂ ಹೌದು.

ಪಶ್ಚಿಮದಲ್ಲಿ ಇದು ಒಂದು ಸಾಹಿತ್ಯಪ್ರಕಾರವಾಗಿಯೇ ಬೆಳೆಯಿತು. ಎರಡನೆಯ ಶತಮಾನದ ಗ್ರೀಕ್ ಲೇಖಕ ಲೂಸಿಯನ್ ಸತ್ತವರನ್ನು ಪಾತಾಳದಲ್ಲಿ ಕಲೆಹಾಕಿ ಮಾತನಾಡಿಸಿ ಅರಸರನ್ನೂ ಸಿರಿವಂತರನ್ನೂ ಗೇಲಿ ಮಾಡಿದನು. ಇಂಗ್ಲಿಷ್ ಲೇಖಕ ವಾಲ್ಟರ್ ಸ್ಯಾವೇಜ್ ಲ್ಯಾಂಡರ್ 1824ರಿಂದ ಪ್ರಕಟಿಸತೊಡಗಿದ ಸಂಪುಟಗಳಿಗೆ ‘ಕಾಲ್ಪನಿಕ ಸಂಭಾಷಣೆಗಳು’ ಎಂಬ ಅರ್ಥದ ಹೆಸರನ್ನೇ ಇಟ್ಟನು. ಆದರೆ ಈ ಪ್ರಕಾರದ ಅಪಾಯವನ್ನು ಸ್ಪಷ್ಟವಾಗಿ ತೋರಿಸುವವನು ಗೆಲಿಲಿಯೋ. 1632ರಲ್ಲಿ ಅವನು ವಿಶ್ವದ ಎರಡು ವ್ಯವಸ್ಥೆಗಳ ಕುರಿತ, ಅಂದರೆ ನಡುವೆ ಇರುವುದು ಭೂಮಿಯೋ ಸೂರ್ಯನೋ ಎಂಬ, ಚರ್ಚೆಯನ್ನು ಮೂವರ ಸಂವಾದವಾಗಿ ಪ್ರಕಟಿಸಿದನು. ಭೂಮಿಯೇ ನಡುವೆ ಎಂಬ ಹಳೆಯ ಮತವನ್ನು ಹಿಡಿದವನ ಹೆಸರು ಸಿಂಪ್ಲಿಚಿಯೋ. ಆ ಹೆಸರಿನಲ್ಲಿ ಪ್ರಾಚೀನ ವ್ಯಾಖ್ಯಾನಕಾರನೊಬ್ಬನ ನೆನಪಿರುವಂತೆಯೇ ‘ಪೆದ್ದ’ ಎಂಬ ಧ್ವನಿಯೂ ಇದೆ. ಪುಟಪುಟಕ್ಕೂ ಸೋಲುವ ಆ ಪಾತ್ರದ ಬಾಯಲ್ಲೇ ಕೊನೆಗೆ ಪೋಪ್ ಎಂಟನೆಯ ಅರ್ಬನ್‌ಗೆ ಪ್ರಿಯವಾದ ವಾದವನ್ನು ಹೇಳಿಸಿದ್ದು ಪೋಪರನ್ನು ಕೆರಳಿಸಿದ ಕಾರಣಗಳಲ್ಲಿ ಒಂದಾಯಿತು. ಮರುವರ್ಷವೇ ವಿಚಾರಣೆ ನಡೆದು ಗೆಲಿಲಿಯೋಗೆ ಶಿಕ್ಷೆಯಾಯಿತು. ವಿಜ್ಞಾನದಲ್ಲಿ ಅವನು ಸರಿಯಾಗಿದ್ದನು. ಸಂವಾದಕಾರನಾಗಿ ಮಾತ್ರ ಎದುರಾಳಿಗೆ ಸಲ್ಲಬೇಕಾದ ಬಲವನ್ನು ಕೊಡಲಿಲ್ಲ ಎಂಬುದು ನನ್ನ ಅನಿಸಿಕೆ.

ದಿನನಿತ್ಯದ ಬದುಕಿನಲ್ಲಿ ನಾವು ಮಾಡುವುದೂ ಬಹುಮಟ್ಟಿಗೆ ಇದನ್ನೇ. ಜಗಳವಾದ ರಾತ್ರಿ ಹಾಸಿಗೆಯಲ್ಲಿ ಮಲಗಿ ಅದೇ ಜಗಳವನ್ನು ಮತ್ತೆ ಆಡುತ್ತೇವೆ, ಮತ್ತು ಈ ಬಾರಿ ಎದುರಾಳಿಗೆ ಬಾಯಿ ಕಟ್ಟಿಹೋಗುತ್ತದೆ. ಆ ಹೊತ್ತಿಗೆ ಹೊಳೆಯದೆ ಆಮೇಲೆ ಮೆಟ್ಟಿಲಿಳಿಯುವಾಗ ಹೊಳೆಯುವ ಉತ್ತರದ ಬಗ್ಗೆ ಹದಿನೆಂಟನೆಯ ಶತಮಾನದ ಫ್ರೆಂಚ್ ಲೇಖಕ ದಿದೆರೋ ಬರೆದಿದ್ದಾನೆ. ಫ್ರೆಂಚರು ಅದನ್ನು ‘ಮೆಟ್ಟಿಲ ಬುದ್ಧಿ’ ಎಂದೇ ಕರೆಯುತ್ತಾರೆ. ಇದರ ತಿರುಗುಮುರುಗು ರೂಪವೂ ಇದೆ, ಅದು ಮಾತಿನ ಮುಂಚಿನ ತಾಲೀಮು. ಒಮ್ಮೆ ನಾಲ್ಕು ದಿನದ ರಜೆ ಕೇಳುವುದಕ್ಕೆ ನಾನು ಎರಡು ದಿನ ಮನಸ್ಸಿನಲ್ಲೇ ಮೇಲಧಿಕಾರಿಯೊಡನೆ ವಾದಿಸಿದ್ದೆ. ‘ಈಗಲೇ ಬೇಕೇ?’ ಎಂದು ಅವರು ಕೇಳಿದರು, ನಾನು ಕಾರಣ ಹೇಳಿದೆ. ‘ಬೇರೆ ಯಾರು ನೋಡಿಕೊಳ್ಳುತ್ತಾರೆ?’ ಎಂದರು, ಅದಕ್ಕೂ ಉತ್ತರವಿತ್ತು. ಕೊನೆಗೆ ನನ್ನ ದನಿ ಸ್ವಲ್ಪ ಏರಿತ್ತು ಕೂಡ. ನಿಜವಾಗಿ ಕೇಳಿದಾಗ ಅವರು ತಲೆಯೆತ್ತದೆಯೇ ‘ಆಯ್ತು, ಹೋಗಿ ಬನ್ನಿ’ ಎಂದರು. ಸಿದ್ಧಪಡಿಸಿದ್ದ ವಾದಗಳನ್ನೆಲ್ಲ ಹೊತ್ತುಕೊಂಡು ನಾನು ಬಾಗಿಲಲ್ಲಿ ಒಂದು ಕ್ಷಣ ನಿಂತೇ ಇದ್ದೆ. ಎರಡು ದಿನ ನನ್ನೊಡನೆ ವಾದಿಸಿದವರು ಅವರಲ್ಲ, ನನ್ನ ಅಂಜಿಕೆಯೇ.

ಇಂಥ ಸಂವಾದವನ್ನು ಮನಸ್ಸಿನಲ್ಲೇ ಮಂಡಿಗೆ ತಿನ್ನುವುದರೊಂದಿಗೆ ಒಂದೇ ಎಂದು ಎಣಿಸಬಾರದು. ಅಲ್ಲಿ ಬಯಕೆ ಮಾತ್ರವಿದೆ, ತಡೆಯುವವರಿಲ್ಲ. ಕಲ್ಪಿತ ಸಂವಾದದಲ್ಲಿ, ಅದು ಎಷ್ಟೇ ಏಕಪಕ್ಷೀಯವಾಗಿದ್ದರೂ, ಇನ್ನೊಬ್ಬರು ಏನೆನ್ನಬಹುದು ಎಂಬ ಪ್ರಶ್ನೆಯಿದೆ. ಆ ಪ್ರಶ್ನೆಗೆ ಎಷ್ಟು ಪ್ರಾಮಾಣಿಕವಾಗಿ ಕಿವಿಗೊಡುತ್ತೇವೆ ಎಂಬುದರ ಮೇಲೆ ಸಂವಾದದ ಗುಣ ನಿಂತಿದೆ. ಅಧಿಕಾರ ಕಳೆದುಕೊಂಡು ಹಳ್ಳಿಯಲ್ಲಿದ್ದ ಇಟಲಿಯ ರಾಜಕೀಯ ಚಿಂತಕ ಮಾಕಿಯಾವೆಲ್ಲಿ 1513ರ ಡಿಸೆಂಬರಿನಲ್ಲಿ ಗೆಳೆಯನಿಗೆ ಬರೆದ ಪತ್ರದಲ್ಲಿ, ಸಂಜೆ ಕೆಸರಾದ ಬಟ್ಟೆಯನ್ನು ಬಾಗಿಲಲ್ಲೇ ಕಳಚಿ, ಆಸ್ಥಾನದ ಉಡುಪು ತೊಟ್ಟು, ಓದುವ ಕೋಣೆಗೆ ಹೋಗಿ ಪ್ರಾಚೀನರನ್ನು ಅವರ ಕೃತ್ಯಗಳಿಗೆ ಕಾರಣವೇನೆಂದು ಕೇಳುವುದಾಗಿಯೂ, ಅವರು ಉತ್ತರಿಸುವುದಾಗಿಯೂ ಹೇಳಿದ್ದಾನೆ. ಉಡುಪು ಬದಲಿಸಿದ್ದರಲ್ಲೇ ಎದುರಿನವರಿಗೆ ಅವನು ಕೊಟ್ಟ ಸ್ಥಾನ ತಿಳಿಯುತ್ತದೆ.

ತೀರಿಹೋದವರೊಡನೆ ನಾವು ಆಡುವ ಮಾತುಗಳಲ್ಲಿಯೂ ಕೆಲವೊಮ್ಮೆ ಹೀಗಾಗುತ್ತದೆ. ಅವರ ಮಾತಿನ ವರಸೆ ನಮಗೆ ಎಷ್ಟು ರೂಢಿಯಾಗಿರುತ್ತದೆ ಎಂದರೆ, ನಾವು ಸಮಾಧಾನದ ಮಾತನ್ನು ಬಯಸಿ ಕೇಳಿದಾಗಲೂ ಒಳಗಿನಿಂದ ಹಳೆಯ ಗದರಿಕೆಯೇ ಕೇಳಿಬರುತ್ತದೆ, ಮತ್ತು ಅದನ್ನು ತಿದ್ದಿ ಮೆತ್ತಗಾಗಿಸಲು ಹೋದರೆ ಆ ದನಿ ಅವರದ್ದಾಗಿ ಉಳಿಯುವುದಿಲ್ಲ.